ಮಿಗುಗಳಿಗೆ ಬಟ್ಟಲನ್ನು ಮಾಡುವ ಮತ್ತು ನಡೆಸುವ ಕ್ರಮ

ಮಿಗುಗಳಿಗೆ ಬಟ್ಟಲು, ಅಂದರೆ ಮಿಕ್ಕ ಗಳಿಗೆಯನ್ನು ಕೂಡಿಡುವ ಬಟ್ಟಲು, ನನ್ನ ಕಲ್ಪನೆಯ ಸಾಧನ. ರಜೆಯಲ್ಲಿ ಮನೆಯ ಮಕ್ಕಳಿಗೆ ಹೇಳುತ್ತಿದ್ದ ಕಥೆಯೊಂದಕ್ಕೆ ಕಾಲಶಕ್ತಿಯನ್ನು ಒಂದೆಡೆ ಕೂಡಿಸಬಲ್ಲ ಮಾಯಾವಸ್ತು ಬೇಕಾದಾಗ, ಹೊಳೆಯುವ ಹರಳು, ತಿರುಗುವ ಚಕ್ರಗಳ ಗೋಜಿಗೆ ಹೋಗದೆ, ಉಡುಪಿಯಲ್ಲಿ ಕೈಗೆಟಕುವ ಸಾಮಾನುಗಳಿಂದಲೇ ಇದನ್ನು ರೂಪಿಸಿದೆ. ಬಟ್ಟಲು ಹೊತ್ತನ್ನು ಅಳೆಯುವುದು ನಿಜ. ಅಳೆದು ಮಿಕ್ಕಿದ ಹೊತ್ತನ್ನು ಹಿಡಿದಿಡುವುದು ಕಥೆ. ಅಳತೆ ಕೆಟ್ಟರೆ ಕಥೆಯನ್ನು ಯಾವ ಮಗುವೂ ನಂಬುವುದಿಲ್ಲವಾದ್ದರಿಂದ ತಯಾರಿಯ ಭಾಗವನ್ನು ಕೊಂಚ ವಿಸ್ತಾರವಾಗಿಯೇ ಬರೆಯುತ್ತೇನೆ.

ಇದರ ಮೂಲ ಹಳೆಯದು. ತಳದಲ್ಲಿ ತೂತಿರುವ ತಾಮ್ರದ ಬಟ್ಟಲನ್ನು ಶುದ್ಧ ನೀರಿನ ಮೇಲೆ ಇಟ್ಟರೆ ಅದು ಒಂದು ಹಗಲಿರುಳಿನಲ್ಲಿ 60 ಸಲ ಮುಳುಗಬೇಕೆಂದು ಹಳೆಯ ಖಗೋಳಗ್ರಂಥವಾದ ಸೂರ್ಯಸಿದ್ಧಾಂತ ಹೇಳುತ್ತದೆ. ಒಂದು ಮುಳುಗು ಒಂದು ಗಳಿಗೆ, ಅಂದರೆ 24 ನಿಮಿಷ. ರಥಬೀದಿಯ ಪಾತ್ರೆ ಅಂಗಡಿಯಲ್ಲಿ ಅಂಗೈ ತುಂಬುವ ಗಾತ್ರದ, ಉರುಟು ತಳದ ತಾಮ್ರದ ಬಟ್ಟಲೊಂದನ್ನು ಆರಿಸಿಕೊಳ್ಳಬೇಕು. ಪಾದ ಬೆಸೆದಿರುವ ಬಟ್ಟಲು ನೋಡಲು ಚಂದವಾದರೂ ಬೇಡ; ಪಾದದ ಅಡಿಯಲ್ಲಿ ಗಾಳಿ ಸಿಕ್ಕಿಕೊಂಡು ತೂತಿಗೆ ನೀರು ತಾಗದಂತೆ ಮಾಡುತ್ತದೆ. ತೇಲಿಸಲು ಅಗಲ ಬಾಯಿಯ ಪಾತ್ರೆಯಾದ ಉರುಳಿ ಸಾಕು, ಆದರೆ ಬಟ್ಟಲು ಪೂರ್ತಿ ಮುಳುಗುವಷ್ಟು ಆಳ ಅದಕ್ಕಿರಬೇಕು.

ತೂತು ಕೊರೆಯುವ ಕೆಲಸವನ್ನು ಚಿನ್ನದ ಕೆಲಸ ಮಾಡುವ ಆಚಾರ್ಯರಿಗೆ ಒಪ್ಪಿಸುವುದು ಒಳ್ಳೆಯದು, ಏಕೆಂದರೆ ಅಷ್ಟು ಸಣ್ಣ ಮೊನೆಯ ಉಪಕರಣ ಅವರಲ್ಲಿರುತ್ತದೆ. ಅವರಲ್ಲಿರುವ ಅತಿ ಸಣ್ಣ ಮೊನೆಯಿಂದಲೇ ಆರಂಭಿಸಲು ಹೇಳಿ, ಮನೆಗೆ ತಂದು ಗಡಿಯಾರ ಎದುರಿಗಿಟ್ಟು ತೇಲಿಸಿ ನೋಡಬೇಕು. ಮುಳುಗಲು 24 ನಿಮಿಷಕ್ಕಿಂತ ಹೆಚ್ಚು ಹಿಡಿದರೆ ತೂತನ್ನು ಕೂದಲೆಳೆಯಷ್ಟು ಹಿಗ್ಗಿಸಬಹುದು. ಕಡಿಮೆಯಾದರೆ ಬೆಸುಗೆ ಹಾಕಿ ಮತ್ತೆ ಕೊರೆಯುವುದೊಂದೇ ದಾರಿ. ಆದುದರಿಂದ ಇಲ್ಲಿ ಅವಸರ ಸಲ್ಲದು. ಸರಿಯಾದ ತೂತಿನ ಗುರುತು ಕಣ್ಣಿಗೇ ಕಾಣುತ್ತದೆ: ಬಟ್ಟಲನ್ನು ನೀರಿಗಿಟ್ಟೊಡನೆ ತಳದಲ್ಲಿ ಸಾಸಿವೆಯಷ್ಟು ನೀರಿನ ಮಣಿಯೊಂದು ಮೂಡಿ, ಕ್ಷಣಕಾಲ ನಡುಗಿ, ಒಡೆದು ಹರಡುತ್ತದೆ. ಕೊನೆಯಲ್ಲಿ ಅಂಚು ನೀರಿಗೆ ಸಮವಾದಾಗ ‘ಗುಳುಕ್’ ಎಂದು ಒಳಗೆಳೆದುಕೊಂಡು ಉರುಳಿಯ ತಳಕ್ಕೆ ತಾಗುವ ಸದ್ದು ಚಾವಡಿಯವರೆಗೂ ಕೇಳಿಸುತ್ತದೆ.

ಬಾವಿಯ ನೀರನ್ನು ಬೈರಾಸಿನಲ್ಲಿ (ಹೆಗಲ ಬಟ್ಟೆಯಲ್ಲಿ) ಸೋಸಿ ಬಳಸಬೇಕು. ಒಮ್ಮೆ ತುಳುವರ ಆಟಿ ತಿಂಗಳ ಮಳೆಯಲ್ಲಿ ನಾನು ಸೋಸದೆ ಸುರಿದು, ಮರಳಿನ ಕಣವೊಂದು ತೂತಿಗೆ ಸಿಕ್ಕಿಕೊಂಡು, ಮುಕ್ಕಾಲು ಗಂಟೆ ಕಳೆದರೂ ಬಟ್ಟಲು ತೇಲುತ್ತಲೇ ಇತ್ತು. “ದೊಡ್ಡಮ್ಮ, ಹೊತ್ತೇ ನಿಂತುಹೋಯಿತಲ್ಲ!” ಎಂದು ಮಕ್ಕಳು ಕುಣಿದರು, ಅವರಿಗೆ ಅದೇ ನಿಜವಾದ ಮಾಯೆಯಾಗಿ ಕಂಡಿತು. ಸಮುದ್ರದ ನೀರಂತೂ ಬೇಡ. ಅದರ ಸಾಂದ್ರತೆ ಹೆಚ್ಚಾದ್ದರಿಂದ ಬಟ್ಟಲು ತಡವಾಗಿ ಮುಳುಗುತ್ತದೆ, ತಾಮ್ರಕ್ಕೆ ಕಿಲುಬೂ ಬೇಗ ಹಿಡಿಯುತ್ತದೆ.

ಇನ್ನು ಮಾಯೆಯ ಭಾಗ. ಭೂಮಿ ಒಂದು ಸುತ್ತು ತಿರುಗುವಷ್ಟರಲ್ಲಿ ಚಂದ್ರನೂ ತನ್ನ ದಾರಿಯಲ್ಲಿ ಮುಂದೆ ಸರಿದಿರುವುದರಿಂದ, ಮಲ್ಪೆಯ ಕಡಲಲ್ಲಿ ಇಂದು ಕಂಡ ಭರತ (ನೀರಿನ ಉಬ್ಬರ) ನಾಳೆ ಸರಾಸರಿ 50 ನಿಮಿಷ ತಡವಾಗಿ ಬರುತ್ತದೆ. ಎರಡು ಗಳಿಗೆಗೆ 48 ನಿಮಿಷ. ಬಟ್ಟಲಿನ ಲೆಕ್ಕಕ್ಕೂ ಸಮುದ್ರದ ಲೆಕ್ಕಕ್ಕೂ ನಡುವೆ ಮಿಕ್ಕುವ ಆ 2 ನಿಮಿಷ ಯಾರಿಗೂ ಸೇರಿದ್ದಲ್ಲ. ನಮ್ಮ ಸಾಧನ ಹಿಡಿಯುವುದು ಅದನ್ನೇ. ನಿನ್ನೆಯ ಭರತದ ಹೊತ್ತಿಗೆ ಸರಿಯಾಗಿ ಬಟ್ಟಲನ್ನು ತೇಲಿಸಿ, ಮುಳುಗಿದೊಡನೆ ಎತ್ತಿ, ಮತ್ತೊಮ್ಮೆ ತೇಲಿಸಬೇಕು. ಎರಡನೆಯ ಸಲ ಮುಳುಗಿದಾಗ ಅದನ್ನು ತಳದಲ್ಲೇ ಬಿಟ್ಟು, ಉರುಳಿಯ ಅಂಚಿಗೆ ಹಣತೆಯಿಟ್ಟು, ಇಂದಿನ ಭರತದ ಹೊತ್ತಾಗುವ ತನಕ ಮಾತಿಲ್ಲದೆ ಆ ತೂತನ್ನೇ ದಿಟ್ಟಿಸಬೇಕು. ಚೆದುರಿದ ಗೂಢಶಕ್ತಿಯೆಲ್ಲ ಅಲ್ಲಿ ಬಂದು ಸೇರುತ್ತದೆಂಬುದು ಕಥೆಯ ನಿಯಮ. ಕಾದ ಪ್ರತಿ ನಿಮಿಷಕ್ಕೂ ಒಂದು ಕಾಳು ಕುಚ್ಚಲಕ್ಕಿಯನ್ನು ಕರಡಿಗೆಗೆ ಹಾಕಬೇಕು. 24 ಕಾಳು ಕೂಡಿದರೆ ಒಂದು ಮಿಗುಗಳಿಗೆ ಕೈಸೇರಿದಂತೆ.

ಆದರೆ ಈ 50 ನಿಮಿಷ ಸರಾಸರಿ ಮಾತ್ರ. ಹುಣ್ಣಿಮೆ, ಅಮಾವಾಸ್ಯೆಗಳ ಆಸುಪಾಸಿನಲ್ಲಿ ಭರತ ಅಷ್ಟು ತಡಮಾಡುವುದಿಲ್ಲ. ಬಟ್ಟಲು ಎರಡನೆಯ ಸಲ ಮುಳುಗುವ ಮೊದಲೇ ಬಂದುಬಿಡುತ್ತದೆ. ಅಂಥ ದಿನ ಕಡಿಮೆ ಬಿದ್ದಷ್ಟು ನಿಮಿಷಗಳ ಕಾಳನ್ನು ಕರಡಿಗೆಯಿಂದ ತೆಗೆಯಬೇಕು, ಕರಡಿಗೆ ಬರಿದಾಗಿದ್ದರೆ ಸಾಲವೆಂದು ಬರೆದಿಡಬೇಕು. ಅಷ್ಟಮಿಯ ಆಸುಪಾಸಿನಲ್ಲಿ ಹೆಚ್ಚು ತಡವಾಗುವುದರಿಂದ ಸಾಲ ತೀರಿ ಕಾಳು ಉಳಿಯುತ್ತದೆ. ಹೀಗಾಗಿ ಒಂದು ಪಕ್ಷವನ್ನು ಪೂರ್ತಿಯಾಗಿ ಹಿಡಿಯಬೇಕು. ಭರತದ ಹೊತ್ತು ಕಣ್ಣಳತೆಗೆ ಸಿಗುವಂಥದಲ್ಲ, ಬಂದರಿನ ಪಟ್ಟಿಯನ್ನೇ ನೋಡಬೇಕು. ನಸುಕಿಗೆ ಭರತ ಬೀಳುವ ದಿನದಿಂದ ಆರಂಭಿಸಿದರೆ ಪಕ್ಷ ಮುಗಿಯುವಾಗ ಅದು ಸಂಜೆಗೆ ಸರಿದಿರುತ್ತದೆ, ನಡುರಾತ್ರಿ ಯಾರೂ ಏಳಬೇಕಾಗಿಲ್ಲ. ಸಂಜೆಯಿಂದ ಆರಂಭಿಸಿ ನಾನು ಒಮ್ಮೆ ಪಟ್ಟ ಪಾಡು ಸಾಕು.

ಕೂಡಿಸಿದ ಗಳಿಗೆಯನ್ನು ಖರ್ಚು ಮಾಡುವುದು ನಡುಹಗಲಿನಲ್ಲಿ. ಅದೂ ಗಡಿಯಾರದ ಹನ್ನೆರಡಕ್ಕಲ್ಲ. ನಮ್ಮ ಗಡಿಯಾರ ತೋರಿಸುವ ಭಾರತೀಯ ಕಾಲಮಾನ 82.5 ಡಿಗ್ರಿ ಪೂರ್ವ ರೇಖಾಂಶದ್ದು, ಉಡುಪಿ ಇರುವುದು ಸುಮಾರು 74.75 ಡಿಗ್ರಿಯಲ್ಲಿ, ಹೀಗಾಗಿ ಇಲ್ಲಿ ಸೂರ್ಯ ನಡುನೆತ್ತಿಯ ರೇಖೆಗೆ ಬರುವುದು ಸರಾಸರಿ 12.31ಕ್ಕೆ, ನವೆಂಬರ್ ಆರಂಭದಲ್ಲಿ 12.15ರ ಸುಮಾರಿಗೆ, ಫೆಬ್ರುವರಿ ನಡುವಿನಲ್ಲಿ 12.45ರ ಸುಮಾರಿಗೆ. ಅಂಗಳದಲ್ಲಿ ಕೋಲು ನೆಟ್ಟು, ನೆರಳು ಅತಿ ಗಿಡ್ಡವಾದಾಗ 24 ಕಾಳುಗಳನ್ನು ಬಟ್ಟಲಿಗೆ ಹಾಕಿ ತೇಲಿಸಬೇಕು. ಅದು ಮುಳುಗುವವರೆಗೆ, ಅದೇ ಅಂಗಳದಲ್ಲಿ ಹಿಂದೆಂದೋ ಕಳೆದ ಯಾವುದಾದರೂ ಒಂದು ಗಳಿಗೆಯೊಳಗೆ ಕುಳಿತು ನೋಡಬಹುದು, ಮುಟ್ಟುವಂತಿಲ್ಲ, ಮಾತಾಡುವಂತಿಲ್ಲ. ಅಕ್ಕಿಯ ಭಾರಕ್ಕೆ ಬಟ್ಟಲು ಎಂದಿಗಿಂತ ಎಳ್ಳಷ್ಟು ಬೇಗ ಮುಳುಗುತ್ತದೆ. ಆ ಕೊರತೆ ಸಮುದ್ರಕ್ಕೆ ಸಲ್ಲುವ ಬಾಡಿಗೆ, ಅದನ್ನು ಕೇಳಲು ಹೋಗಬಾರದು.

ಕೆಲಸ ಮುಗಿದ ಮೇಲೆ ಬಟ್ಟಲನ್ನು ಹುಣಸೆ ಹುಳಿಯಿಂದ ತಿಕ್ಕಿ, ಒರಸಿ, ಬೋರಲು ಹಾಕಿಡಬೇಕು. ತೂತು ಕಟ್ಟಿಕೊಂಡಿದ್ದರೆ ಹಿಡಿಸೂಡಿ (ಪೊರಕೆ) ಕಡ್ಡಿಯ ತುದಿಯನ್ನು ಸಣ್ಣಗೆ ಹೆರೆದು ಬಿಡಿಸಬೇಕೇ ಹೊರತು ಸೂಜಿಯಿಂದಲ್ಲ. ಸೂಜಿ ತಾಮ್ರವನ್ನು ಸವೆಸುತ್ತದೆ, ಮರುದಿನವೇ ಗಳಿಗೆ 23 ನಿಮಿಷಕ್ಕೆ ಇಳಿದಿರುತ್ತದೆ.