ಪ್ರಜ್ಞೆಯ ಬಗ್ಗೆ ಹೊಸ ಥಿಯರಿ ಸಿಕ್ಕರೆ ಅದನ್ನು ಒರೆಗೆ ಹಚ್ಚುವುದು ಹೇಗೆ?

ಮಿದುಳಲ್ಲಿ ಪ್ರಜ್ಞೆ ಹೇಗೆ ಹುಟ್ಟುತ್ತದೆ ಅನ್ನುವುದಕ್ಕೆ ಥಿಯರಿಗಳು ಒಂದೆರಡಲ್ಲ. ಒಂದನ್ನು ಓದಿದಾಗ ಇದೇ ಸರಿ ಅನ್ನಿಸುತ್ತದೆ, ಮುಂದಿನದು ಓದಿದರೆ ಅದೂ ಸರಿ. ನನಗೂ ಬಹಳ ದಿನ ಹೀಗೇ ಆಗುತ್ತಿತ್ತು. ಆಮೇಲೆ ಓದುವ ರೀತಿ ಬದಲಿಸಿದೆ. ಈಗ ಯಾವ ಥಿಯರಿ ಸಿಕ್ಕಿದರೂ ಮೊದಲು ಕೇಳುವುದು ಒಂದೇ: ನಿನ್ನ ಲೆಕ್ಕದಲ್ಲಿ ಯಾವುದಕ್ಕೆ ಅರಿವು ಇಲ್ಲ?

ಅದಕ್ಕೂ ಮುಂಚೆ ಪದವನ್ನು ಸರಿಮಾಡಿಕೊಳ್ಳಿ. ತಲೆಸುತ್ತಿ ಬಿದ್ದರೆ ‘ಪ್ರಜ್ಞೆ ತಪ್ಪಿತು’ ಅನ್ನುತ್ತೇವೆ, ಸಮಯಪ್ರಜ್ಞೆ ಅಂತಲೂ ಅನ್ನುತ್ತೇವೆ. ಥಿಯರಿಗಳ ಜಗಳ ಇವೆರಡರದ್ದೂ ಅಲ್ಲ. ಹಲ್ಲುನೋವು ಬಂದಾಗ ಒಳಗೆ ಏನೋ ಆಗುತ್ತದಲ್ಲ, ಆ ಅನುಭವದ್ದು. ಆದ್ದರಿಂದ ಎಚ್ಚರ ಬೇರೆ, ಅರಿವು ಬೇರೆ ಅಂತ ಇಟ್ಟುಕೊಳ್ಳಿ. ಕನಸಿನಲ್ಲಿ ಎಚ್ಚರ ಇಲ್ಲ, ಆದರೆ ಅನುಭವ ಧಾರಾಳವಾಗಿ ಇದೆ. ಇಷ್ಟೆಲ್ಲ ನರಕೋಶಗಳ ಕೆಲಸದ ಜೊತೆಗೆ ಅನುಭವ ಅನ್ನುವುದು ಯಾಕಾದರೂ ಇರಬೇಕು ಅನ್ನುವ ಪ್ರಶ್ನೆಯನ್ನು ತತ್ತ್ವಶಾಸ್ತ್ರಜ್ಞ ಡೇವಿಡ್ ಚಾಲ್ಮರ್ಸ್ 1995ರಲ್ಲಿ ‘ಕಷ್ಟದ ಸಮಸ್ಯೆ’ ಅಂತ ಕರೆದರು. ಹೆಚ್ಚಿನ ಥಿಯರಿಗಳು ಅದಕ್ಕೆ ಕೈ ಹಾಕುವುದೇ ಇಲ್ಲ. ಅರಿವು ಯಾವಾಗ ಬರುತ್ತದೆ, ಮಿದುಳಿನ ಎಲ್ಲಿ ಬರುತ್ತದೆ ಅಂತ ಮಾತ್ರ ಹೇಳುತ್ತವೆ. ಅದು ತಪ್ಪೇನಲ್ಲ. ಆದರೆ ನಿಮ್ಮ ಕೈಯಲ್ಲಿರುವ ಥಿಯರಿ ಯಾವ ಪ್ರಶ್ನೆಗೆ ಉತ್ತರ ಕೊಡುತ್ತಿದೆ ಅಂತ ನೋಡಿಕೊಳ್ಳಿ.

ಈಗ ಫ್ರಿಜ್ ಪರೀಕ್ಷೆ. ನೀವು ಏನೋ ಓದುತ್ತಾ ಕೂತಿದ್ದೀರಿ, ಫ್ರಿಜ್ ತನ್ನ ಪಾಡಿಗೆ ಗುಂಯ್ ಅನ್ನುತ್ತಿದೆ. ಥಟ್ಟನೆ ನಿಂತಿತು. ನಿಂತ ಮೇಲೆ ‘ಓ, ಇಷ್ಟು ಹೊತ್ತು ಸದ್ದು ಇತ್ತಲ್ವಾ’ ಅಂತ ಗೊತ್ತಾಗುತ್ತದೆ. ಹಾಗಾದರೆ ಇಷ್ಟು ಹೊತ್ತು ಆ ಸದ್ದು ನಿಮ್ಮ ಅನುಭವದಲ್ಲಿ ಇತ್ತೋ ಇಲ್ಲವೋ?

ಬರ್ನಾರ್ಡ್ ಬಾರ್ಸ್ 1988ರಲ್ಲಿ ಮುಂದಿಟ್ಟು, ಮುಂದೆ ಸ್ಟಾನಿಸ್ಲಾಸ್ ದೆಹೇನ್ ಮಿದುಳಿನ ಪ್ರಯೋಗಗಳಿಗೆ ಜೋಡಿಸಿದ ಗ್ಲೋಬಲ್ ವರ್ಕ್‌ಸ್ಪೇಸ್ ಥಿಯರಿಯನ್ನು ಕೇಳಿದರೆ, ಇರಲಿಲ್ಲ ಅನ್ನುತ್ತದೆ. ಸದ್ದು ಕಿವಿಯಿಂದ ಮಿದುಳಿಗೆ ಹೋಗಿತ್ತು, ಆದರೆ ಇಡೀ ಮಿದುಳಿಗೆ ಡಂಗುರ ಸಾರಿರಲಿಲ್ಲ. ನೆನಪು, ಮಾತು, ಯೋಜನೆ ಎಲ್ಲಕ್ಕೂ ಒಂದೇ ಸಲ ಸುದ್ದಿ ಮುಟ್ಟಿದಾಗ ಮಾತ್ರ ಅದು ಅರಿವು. ಡೇವಿಡ್ ರೋಸೆಂತಾಲ್ ಅವರ ಹೈಯರ್ ಆರ್ಡರ್ ಥಿಯರಿಯೂ ಇಲ್ಲ ಅಂತಲೇ ಅನ್ನುತ್ತದೆ, ಕಾರಣ ಮಾತ್ರ ಬೇರೆ: ‘ನಾನು ಕೇಳುತ್ತಿದ್ದೇನೆ’ ಅನ್ನುವ ಇನ್ನೊಂದು ಮಟ್ಟದ ಯೋಚನೆ ಹುಟ್ಟಿರಲಿಲ್ಲ. ವಿಕ್ಟರ್ ಲಾಮೆ ಅವರ ಥಿಯರಿ ಉಲ್ಟಾ. ಕೇಳುವ ಭಾಗದಲ್ಲೇ ಸಂಕೇತ ಹಿಂದಕ್ಕೂ ಮುಂದಕ್ಕೂ ಸುತ್ತುತ್ತಿದ್ದರೆ ಸಾಕು, ಅನುಭವ ಇತ್ತು, ಹೇಳಲು ಬರುತ್ತಿರಲಿಲ್ಲ ಅಷ್ಟೇ. ಜೂಲಿಯೋ ಟೊನೋನಿ 2004ರಲ್ಲಿ ತಂದ ಸಮಗ್ರ ಮಾಹಿತಿ ಥಿಯರಿ ಗಮನ ಇತ್ತೇ, ಹೇಳಲು ಬಂತೇ ಅಂತ ಕೇಳುವುದೇ ಇಲ್ಲ. ಬಿಡಿಸಲಾಗದಂತೆ ಹೆಣೆದುಕೊಂಡ ಜಾಲದಲ್ಲಿ ಆ ಸದ್ದು ಇತ್ತೇ ಅಂತ ಮಾತ್ರ ನೋಡುತ್ತದೆ.

ಒಂದೇ ಫ್ರಿಜ್, ಎಷ್ಟು ಉತ್ತರ ನೋಡಿ. ಥಿಯರಿ ಈ ಪ್ರಶ್ನೆಯನ್ನು ಜಾರಿಸಿ ಸುಮ್ನೆ ಚೆಂದದ ಮಾತಾಡಿದರೆ ಅದನ್ನು ಪಕ್ಕಕ್ಕಿಡಿ.

ಮುಂದಿನದು ಲೆಕ್ಕದ ಪ್ರಶ್ನೆ. ಮಿದುಳಲ್ಲಿ ಸುಮಾರು 8,600 ಕೋಟಿ ನರಕೋಶಗಳಿವೆ. ಅದರಲ್ಲಿ ಸುಮಾರು 6,900 ಕೋಟಿ ಇರುವುದು ತಲೆಯ ಹಿಂದೆ ಕೆಳಗಿರುವ ಸೆರೆಬೆಲ್ಲಮ್‌ನಲ್ಲಿ. ಹುಟ್ಟಿನಿಂದಲೇ ಸೆರೆಬೆಲ್ಲಮ್ ಇಲ್ಲದವರೂ ಇದ್ದಾರೆ. ನಡಿಗೆ, ಮಾತು ತೊಡಕಾಗುತ್ತದೆ, ಆದರೆ ಅರಿವು ಇದೆ. ನರಕೋಶ ಜಾಸ್ತಿ ಆದರೆ ಪ್ರಜ್ಞೆ ತಾನಾಗಿ ಹುಟ್ಟುತ್ತದೆ ಅನ್ನುವ ಥಿಯರಿ ಇಲ್ಲೇ ಮುಗ್ಗರಿಸುತ್ತದೆ. ಟೊನೋನಿ ಥಿಯರಿಗೆ ಮಾತ್ರ ಇದು ಸಲೀಸು: ಸೆರೆಬೆಲ್ಲಮ್ ಒಂದಕ್ಕೊಂದು ಸಂಬಂಧ ಕಡಿಮೆ ಇರುವ ಸಣ್ಣ ಸಣ್ಣ ತುಂಡುಗಳಂತೆ ಕೆಲಸ ಮಾಡುತ್ತದೆ, ಹೆಣಿಗೆ ಇಲ್ಲ. ಹಾಗಂತ ಅದರ ಪಕ್ಷ ಸೇರಿಬಿಡಬೇಡಿ. 2023ರಲ್ಲಿ ನೂರಕ್ಕೂ ಹೆಚ್ಚು ಸಂಶೋಧಕರು ಸಹಿ ಹಾಕಿ ಅದನ್ನು ಹುಸಿವಿಜ್ಞಾನ ಅಂತ ಕರೆದರು. ಆ ಮಾತು ಸ್ವಲ್ಪ ಅತಿಯಾಯಿತು ಅಂತ ನನಗನ್ನಿಸಿತು.

ಆಮೇಲೆ, ಈ ಥಿಯರಿ ಸೋಲುವುದು ಹೇಗೆ ಅಂತ ಕೇಳಿ. ಇದಕ್ಕೆ ಒಳ್ಳೆಯ ಮಾದರಿ ಇದೆ. ವರ್ಕ್‌ಸ್ಪೇಸ್ ಪಕ್ಷದವರೂ ಟೊನೋನಿ ಪಕ್ಷದವರೂ ಫಲಿತಾಂಶ ಬರುವ ಮುಂಚೆಯೇ ‘ಹೀಗಾದರೆ ನಮಗೆ ಪೆಟ್ಟು’ ಅಂತ ಬರೆದುಕೊಟ್ಟು ಒಟ್ಟಿಗೆ ಪ್ರಯೋಗಕ್ಕೆ ಇಳಿದರು. 256 ಜನರಿಗೆ ಚಿತ್ರಗಳನ್ನು ತೋರಿಸಿ ಅವರ ಮಿದುಳನ್ನು ಮೂರು ವಿಧಾನದಲ್ಲಿ ಅಳೆದರು. 2025ರಲ್ಲಿ ನೇಚರ್ ಪತ್ರಿಕೆಯಲ್ಲಿ ಬಂದ ಫಲಿತಾಂಶದಲ್ಲಿ ಇಬ್ಬರಿಗೂ ಪೆಟ್ಟು. ವರ್ಕ್‌ಸ್ಪೇಸ್ ಲೆಕ್ಕದಲ್ಲಿ ಚಿತ್ರ ಮರೆಯಾಗುವ ಕ್ಷಣದಲ್ಲಿ ಮಿದುಳಿನ ಮುಂಭಾಗ ಮತ್ತೆ ಭುಗಿಲೇಳಬೇಕಿತ್ತು, ಬಹುಮಟ್ಟಿಗೆ ಏಳಲಿಲ್ಲ. ಟೊನೋನಿ ಲೆಕ್ಕದಲ್ಲಿ ಹಿಂಭಾಗದ ಭಾಗಗಳು ಚಿತ್ರ ಇರುವಷ್ಟು ಹೊತ್ತು ತಾಳ ಹಿಡಿದು ಒಟ್ಟಿಗೆ ಮಿಡಿಯಬೇಕಿತ್ತು, ಅದೂ ಸಾಕಷ್ಟು ಸಿಗಲಿಲ್ಲ.

ಬಣ್ಣಬಣ್ಣದ ಸ್ಕ್ಯಾನ್ ಚಿತ್ರಕ್ಕೆ ಮರುಳಾಗಬೇಡಿ. ಒಂದು ಭಾಗ ಬೆಳಗಿತು ಅಂದರೆ ಅಲ್ಲೇ ಅರಿವು ಹುಟ್ಟಿತು ಅಂತಲ್ಲ. ಕಂಡದ್ದಕ್ಕೆ ಬಟನ್ ಒತ್ತಿ ಅಂದಿದ್ದರೆ, ಬೆಳಗಿದ್ದು ಬಟನ್ ಒತ್ತುವ ತೀರ್ಮಾನವೂ ಇರಬಹುದು.

ಕೊನೆಗೆ, ಮಾತಾಡಲಾಗದ ರೋಗಿಯ ಪಕ್ಕದಲ್ಲಿ ಥಿಯರಿಯಿಂದ ಏನಾದರೂ ಉಪಯೋಗ ಇದೆಯಾ ನೋಡಿ. ಮಾರ್ಸೆಲೋ ಮಾಸಿಮಿನಿ ತಂಡ 2013ರಲ್ಲಿ ಒಂದು ಅಳತೆ ತಂದಿತು. ತಲೆಯ ಹೊರಗಿನಿಂದ ಕಾಂತದ ಒಂದು ಸಣ್ಣ ಪೆಟ್ಟು, ಆಮೇಲೆ ಇಇಜಿಯಲ್ಲಿ, ಅಂದರೆ ನೆತ್ತಿಯ ಮೇಲಿಂದ ಮಿದುಳಿನ ವಿದ್ಯುತ್ ಅಲೆ ಅಳೆಯುವ ಯಂತ್ರದಲ್ಲಿ, ಅದರ ಪ್ರತಿಧ್ವನಿ. ಆ ಪ್ರತಿಧ್ವನಿಯನ್ನು ಕಂಪ್ಯೂಟರ್ ಫೈಲ್ ಜಿಪ್ ಮಾಡುವ ಹಾಗೆ ಕುಗ್ಗಿಸಿ ನೋಡುತ್ತಾರೆ. ಗಾಢ ನಿದ್ದೆಯಲ್ಲಿ ಪ್ರತಿಧ್ವನಿ ಸರಳ, ಚೆನ್ನಾಗಿ ಕುಗ್ಗುತ್ತದೆ. ಎಚ್ಚರದಲ್ಲಿ ಜಟಿಲ, ಅಷ್ಟು ಕುಗ್ಗುವುದಿಲ್ಲ. ಮುಖ್ಯ ವಿಷಯ ಏನೆಂದರೆ, ಇದರಲ್ಲಿ ರೋಗಿ ಕಣ್ಣು ಮಿಟುಕಿಸಬೇಕಾಗಿಲ್ಲ, ಬೆರಳು ಅಲ್ಲಾಡಿಸಬೇಕಾಗಿಲ್ಲ.