ಗೌಡರ ಮಗನ ಪೈಲಟ್ ಅರ್ಜಿ, ನಾನು ಹಾಕದ ಕೇಸು

ಮದ್ದೂರು ಕಡೆಯ ಕಬ್ಬು ಬೆಳೆಗಾರರೊಬ್ಬರು ಮಗನ ಜೊತೆ ಮೈಸೂರಿನ ಚಾಮರಾಜಪುರಂನಲ್ಲಿರುವ ನನ್ನ ವಕೀಲಿ ಆಫೀಸಿಗೆ ಬಂದರು. ಕೂರುವ ಮೊದಲೇ "ಹೈಕೋರ್ಟಿಗೆ ಹಾಕ್ಬುಡಿ ಸಾರ್" ಅಂದರು.

ಹುಡುಗ ಸಿಪಿಎಲ್, ಅಂದರೆ ಕಮರ್ಷಿಯಲ್ ಪೈಲಟ್ ಲೈಸೆನ್ಸ್ ಮಾಡಿದ್ದ. 200 ಗಂಟೆ ಹಾರಾಟ, ವಿಮಾನಯಾನ ನೋಡಿಕೊಳ್ಳುವ ಸರ್ಕಾರಿ ಸಂಸ್ಥೆ ಡಿಜಿಸಿಎಯ ಪರೀಕ್ಷೆ, ಕ್ಲಾಸ್ 1 ಮೆಡಿಕಲ್ ಎಲ್ಲ ಮುಗಿದಿತ್ತು. ಅದಕ್ಕಾಗಿ ಎರಡು ಎಕರೆ ಗದ್ದೆ ಹೋಗಿತ್ತು. ಆದರೂ ಒಂದು ಖಾಸಗಿ ವಿಮಾನ ಕಂಪನಿ ಅವನನ್ನು ಪರೀಕ್ಷೆಗೂ ಕರೆಯಲಿಲ್ಲ.

ಕಾರಣ ಪಿಯುಸಿ. ಇವನು ಓದಿದ್ದು ಕಾಮರ್ಸ್. ಲೈಸೆನ್ಸಿಗೆ ಆ ಮಟ್ಟದ ಫಿಸಿಕ್ಸ್, ಮ್ಯಾಥ್ಸ್ ಬೇಕು. ಹಾಗಾಗಿ ಆಮೇಲೆ ಎನ್‌ಐಒಎಸ್ ಓಪನ್ ಸ್ಕೂಲಿನಲ್ಲಿ ಎರಡನ್ನೂ ಪಾಸು ಮಾಡಿಕೊಂಡಿದ್ದ. ಡಿಜಿಸಿಎ ಒಪ್ಪಿ ಲೈಸೆನ್ಸ್ ಕೊಟ್ಟಿತ್ತು. ಕಂಪನಿ, ಕಾಲೇಜಿಗೆ ಹೋಗಿ ಓದಿದ್ದೇ ಬೇಕು ಅಂದಿತು.

"ಸರ್ಕಾರ್ವೇ ಒಪ್ಕಂಡ್ ಮ್ಯಾಲೆ ಬ್ಯಾಡ ಅನ್ನಕೆ ಇವ್ರ್ ಯಾರ್ ಸಾರ್?"

ಕೇಳುವುದಕ್ಕೆ ನ್ಯಾಯವಾಗಿಯೇ ಇದೆ, ಅಲ್ವಾ? ಆದರೆ ಡಿಜಿಸಿಎ ಹೇಳುವುದು ಕನಿಷ್ಠ ಇಷ್ಟಿರಬೇಕು ಅಂತ. ಅದಕ್ಕಿಂತ ಜಾಸ್ತಿ ಕಂಪನಿ ಕೇಳಬಹುದು. ಅಮೆರಿಕದಲ್ಲಿ ಪೈಲಟ್ ಕೆಲಸ ಕೇಳಿದ ಇಬ್ಬರು ಅವಳಿ ಸೋದರಿಯರಿಗೆ ಹೀಗೇ ಆಯಿತು. ಕನ್ನಡಕ ಹಾಕಿದರೆ ಅವರ ದೃಷ್ಟಿ ಸರಿಯಾಗಿತ್ತು. ಯುನೈಟೆಡ್ ಏರ್‌ಲೈನ್ಸ್ ಬರಿಗಣ್ಣಿಗೂ ಒಂದು ಅಳತೆ ಇಟ್ಟಿತ್ತು. ಅಂಗವಿಕಲರ ಕಾಯ್ದೆ ಹಿಡಿದು ಸುಪ್ರೀಂ ಕೋರ್ಟಿನವರೆಗೆ ಹೋದರು. ಕನ್ನಡಕದಿಂದ ಸರಿಹೋಗುವ ಕಣ್ಣು ಅಂಗವೈಕಲ್ಯವಲ್ಲ ಅಂತ 1999ರಲ್ಲಿ ಸೋತರು.

ಇನ್ನು ಹೈಕೋರ್ಟ್. ಸಂವಿಧಾನದ 226ನೇ ವಿಧಿಯಡಿ ರಿಟ್, ಅಂದರೆ ಆದೇಶ ಕೊಡಿ ಅಂತ ನೇರವಾಗಿ ಹೈಕೋರ್ಟಿಗೇ ಅರ್ಜಿ, ಹಾಕಬೇಕಾದರೆ ಎದುರಿಗಿರುವುದು ಸಾಮಾನ್ಯವಾಗಿ ಸರ್ಕಾರ ಅಥವಾ ಸರ್ಕಾರದ ಸಂಸ್ಥೆಯಾಗಿರಬೇಕು. ಏರ್ ಇಂಡಿಯಾ ನೌಕರರ ಕಥೆಯನ್ನೇ ಗೌಡರಿಗೆ ಹೇಳಿದೆ. ಅವರು ರಿಟ್ ಹಾಕಿದಾಗ ಕಂಪನಿ ಸರ್ಕಾರದ್ದು. ಕೇಸು ನಡೆಯುತ್ತಿರುವಾಗಲೇ, 2022ರ ಜನವರಿಯಲ್ಲಿ, ಅದು ಟಾಟಾದವರ ಕೈಗೆ ಹೋಯಿತು. ಈಗ ಖಾಸಗಿ, ಹಾಗಾಗಿ ರಿಟ್ ನಿಲ್ಲುವುದಿಲ್ಲ ಅಂತ 2024ರ ಮೇನಲ್ಲಿ ಸುಪ್ರೀಂ ಕೋರ್ಟೂ ಹೇಳಿತು. ನಮ್ಮ ಎದುರಿನ ಕಂಪನಿ ಮೊದಲಿನಿಂದಲೂ ಖಾಸಗಿ. ಸುಮ್ನೆ ಬೆಂಗಳೂರಿಗೆ ಓಡಾಡಿಸಿ ಇನ್ನೊಂದು ಎಕರೆ ಮಾರಿಸುವುದು ನನಗೆ ಬೇಡವಾಗಿತ್ತು.

"ಕೆಲಸದ ಜಾಹೀರಾತು ಇಟ್ಟಿದೀಯೇನಪ್ಪ?" ಅಂದೆ. ಪುಣ್ಯಕ್ಕೆ ಮೊಬೈಲಿನಲ್ಲಿ ಸ್ಕ್ರೀನ್‌ಶಾಟ್ ಇತ್ತು. ಮೂರು ಸಲ ಓದಿದೆ. "ಪಿಯುಸಿ ಅಥವಾ ತತ್ಸಮಾನ" ಅಂತ ಬರೆದಿತ್ತು. ರೆಗ್ಯುಲರ್ ಅನ್ನುವ ಪದ ಎಲ್ಲೂ ಇರಲಿಲ್ಲ. ಎನ್‌ಐಒಎಸ್ ಕೇಂದ್ರ ಶಿಕ್ಷಣ ಸಚಿವಾಲಯದ ಕೆಳಗಿನ ಬೋರ್ಡು. ತತ್ಸಮಾನ ಅಲ್ಲ ಅನ್ನುವುದು ಕಷ್ಟ.

ಹುಡುಗ ಆಗಲೇ ಕಂಪನಿಗೆ ಮೂರು ಸಿಟ್ಟಿನ ಈಮೇಲ್ ಕಳಿಸಿದ್ದ. ಮೊದಲು ಅದನ್ನು ನಿಲ್ಲಿಸಿದೆ. ಲೀಗಲ್ ನೋಟಿಸ್ ಕೂಡ ಕೊಡಲಿಲ್ಲ. ನೋಟಿಸ್ ಹೋದರೆ ಕಾಗದ ಅವರ ವಕೀಲರ ಮೇಜಿಗೆ ಹೋಗಿ ಕೂರುತ್ತದೆ. ನನಗೆ ಬೇಕಿದ್ದದ್ದು ನೇಮಕಾತಿ ವಿಭಾಗ. ಹುಡುಗನ ಸಹಿಯಲ್ಲೇ ಒಂದು ಪುಟದ ಮನವಿ ಬರೆಸಿದೆ. ಜಾಹೀರಾತಿನ ಆ ಸಾಲು, ಎರಡೂ ಅಂಕಪಟ್ಟಿ, ಲೈಸೆನ್ಸ್ ಪ್ರತಿ ಲಗತ್ತಿಸಿದೆವು. ನಿಮ್ಮದೇ ಷರತ್ತಿನ ಪ್ರಕಾರ ನಾನು ಅರ್ಹ, ಬೇರೆ ಷರತ್ತಿದ್ದರೆ ಬರಹದಲ್ಲಿ ತಿಳಿಸಿ ಅಂತ ಕೇಳಿದೆವು. ಈಮೇಲ್ ಜೊತೆಗೆ ಸ್ಪೀಡ್ ಪೋಸ್ಟ್‌ನಲ್ಲೂ ಕಳಿಸಿದೆವು.

ಐದು ವಾರದ ಮೇಲೆ ಎರಡು ಸಾಲಿನ ಉತ್ತರ ಬಂತು. ಮುಂದಿನ ಬ್ಯಾಚಿನ ಪರೀಕ್ಷೆಗೆ ಕೂರಬಹುದು ಅಂತ. ತಪ್ಪಾಯಿತು ಅಂತೇನೂ ಇರಲಿಲ್ಲ.

ಗೌಡರು ಕಾಗದವನ್ನು ಮಗನಿಂದ ಎರಡು ಸಲ ಓದಿಸಿಕೊಂಡರು. "ಹಂಗಾದ್ರೆ ಹೈಕೋರ್ಟ್‌ಗೆ ಹೋಗಂಗೇ ಇಲ್ವಾ ಸಾರ್?" ಅಂದರು. ಮುಖದಲ್ಲಿ ಸ್ವಲ್ಪ ಬೇಜಾರೇ ಇತ್ತು.