ಎ-ಹುಕ್‌ಗೆ ವಿಭಕ್ತಿ ಪರೀಕ್ಷೆ: ನನ್ನ ಅನುಭವ

“ವಿಭಕ್ತಿ ಪ್ರತ್ಯಯ ಇಟ್ಕೊಂಡು ಸ್ಕ್ರಾಬಲ್ ಆಡ್ತೀಯಾ ಗುರು?” ಎಂದು ನಕ್ಕವರೇ ಈಗ “ಆ ಪಟ್ಟಿ ಸ್ವಲ್ಪ ಕಳಿಸು” ಎನ್ನುತ್ತಿದ್ದಾರೆ. ಇಂಗ್ಲಿಷ್ ಸ್ಕ್ರಾಬಲ್ ಬೋರ್ಡಿನಲ್ಲಿರುವ ಪದದ ಮುಂದೆ ಎ ಅಂಟಿಸಿ ಮಾಡಬಹುದಾದ ಪದಗಳ ಪಟ್ಟಿ ಅದು. ಒಬ್ಬೊಬ್ಬರಿಗೂ ಬಿಡಿಸಿ ಹೇಳುವ ಬದಲು ಇಲ್ಲೇ ಬರೆದುಬಿಡುತ್ತೇನೆ. ಪಟ್ಟಿ ಪೂರ್ತಿ ಸಿಗುವುದಿಲ್ಲ, ಅದನ್ನೂ ಈಗಲೇ ಹೇಳಿದ್ದೇನೆ.

ರ್‍ಯಾಕ್, ಹುಕ್, ಬಿಂಗೊ ಎಂದರೆ ಕ್ರಮವಾಗಿ ಅಕ್ಷರದ ಟೈಲ್ ಜೋಡಿಸಿಡುವ ಹಲಗೆ, ಬೋರ್ಡಿನ ಪದದ ತುದಿಗೆ ಅಕ್ಷರ ಅಂಟಿಸುವುದು, ಕೈಯಲ್ಲಿರುವ ಏಳೂ ಟೈಲ್ ಒಮ್ಮೆಗೇ ಇಡುವುದು. ಇಷ್ಟು ಸಾಕು. ಚೀಲದ 100 ಟೈಲ್‌ಗಳಲ್ಲಿ 9 ಎ ಇವೆ, ಕೈಗೆ ಬರದೇ ಇರುವುದಿಲ್ಲ. ಅದು ಒಂದೇ ಅಂಕದ ಅಕ್ಷರ. ಆದರೆ ಎದುರಾಳಿಯ ಪದದ ಮುಂದೆ ಕೂತರೆ ಅವನ ದುಡಿಮೆಯೆಲ್ಲ ನಮ್ಮದು. ಬೆಡ್ ಇದ್ದಲ್ಲಿ ಅಬೆಡ್, ಸೀ ಇದ್ದಲ್ಲಿ ಅಸೀ, ಗ್ರಿನ್ ಇದ್ದಲ್ಲಿ ಅಗ್ರಿನ್. ಇಂಗ್ಲಿಷರೇ ಮರೆತಿರುವ ಇಂಥ ಪದಗಳು ನಾವು ಆಡುವ ಕಾಲಿನ್ಸ್ ಪಟ್ಟಿಯಲ್ಲಿ, ಅಂದರೆ ಆಟದಲ್ಲಿ ಒಪ್ಪುವ ಪದಗಳ ಪಟ್ಟಿಯಲ್ಲಿ, ರಾಶಿ ಬಿದ್ದಿವೆ. ಬ್ರಿಟನ್ನಿನ ಆಟದ ಪಟ್ಟಿ ಹಿಂದೆ ಬಹುಕಾಲ ಚೇಂಬರ್ಸ್ ನಿಘಂಟಿನ ಮೇಲೆ ನಿಂತಿತ್ತು. ಸ್ಪೆನ್ಸರ್, ಶೇಕ್ಸ್‌ಪಿಯರ್ ಬಳಸಿದ ಹಳೇ ಪದಗಳನ್ನು ಆ ನಿಘಂಟು ಕೈಬಿಟ್ಟಿರಲಿಲ್ಲ. ಆ ಸ್ಪೆನ್ಸರ್ ಮಹಾಶಯ 1590ರಲ್ಲೇ, ತನ್ನ ಕಾಲಕ್ಕೂ ಹಳತಾಗಿದ್ದ ಪದಗಳನ್ನು ಬೇಕೆಂದೇ ಹೆಕ್ಕಿ ಕಾವ್ಯದಲ್ಲಿ ತುರುಕಿದವನು. ಅವನ ಶೋಕಿಗೆ ನಾವು ಬೆಂಗಳೂರಿನಲ್ಲಿ ನಿದ್ದೆಗೆಡಬೇಕು.

ಪದ ಪಟ್ಟಿಯಲ್ಲಿದೆಯೋ ಇಲ್ಲವೋ ಎಂಬುದನ್ನು ಹೇಗೋ ಕಲಿಯಬಹುದು. ಪಂದ್ಯದಲ್ಲಿ ಬೆವರಿಳಿಸುವುದು ಅದರ ಬಾಲ. ಹಿಂದೆ ಎಸ್ ಅಂಟುತ್ತದೋ? ಇಡಿ ಅಂಟುತ್ತದೋ? ಅಸ್ಲಾಂಟ್‌ಗೆ ಎಸ್ ಇಲ್ಲ, ಅಸ್ಲೇಕ್‌ಗೆ ಇದೆ. ನೋಡಲು ಎರಡೂ ಒಂದೇ ಮನೆಯ ಮಕ್ಕಳಂತಿವೆ.

ಮೊದಲು ಎಲ್ಲರಂತೆ ಝಿಝಿವಾದಲ್ಲಿ ಅಕ್ಷರಪಲ್ಲಟದ ಅಭ್ಯಾಸ ಮಾಡಿದೆ. ಅದು ಬಿಟ್ಟಿ ತಂತ್ರಾಂಶ, ಆದ್ದರಿಂದ ಬೈಯಲು ಮನಸ್ಸಿಲ್ಲ. ಗ್ರೇನ್ ಎಂಬುದರ ಅಕ್ಷರಗಳಲ್ಲೇ ಅಗ್ರಿನ್ ಇದೆ ಎಂದು ಅದು ಚೆನ್ನಾಗಿ ಕಲಿಸಿತು. ಬಾಲದ ವಿಷಯ ಮಾತ್ರ ನೆನಪಿನಲ್ಲಿ ನಿಲ್ಲಲಿಲ್ಲ, ವಾರ ಕಳೆದರೆ ಮತ್ತೆ ಗೊಂದಲ. ಆಮೇಲೆ ಆನ್‌ಲೈನ್ ಕೋಚಿಂಗ್. ಗಂಟೆಗೆ ಐನೂರೋ ಆರುನೂರೋ ಕೊಡುತ್ತಿದ್ದೆ. ಆತ ಹೇಳಿದ್ದು ಒಂದೇ ಮಾತು: ಬಾಯಿಪಾಠ ಮಾಡಿ. ನೈಜೆಲ್ ರಿಚರ್ಡ್ಸ್ ಫ್ರೆಂಚ್ ಮಾತಾಡಲು ಬಾರದೆಯೂ 2015ರಲ್ಲಿ ಫ್ರೆಂಚ್ ಸ್ಕ್ರಾಬಲ್ ವಿಶ್ವ ಚಾಂಪಿಯನ್‌ಶಿಪ್ ಗೆದ್ದ ಕಥೆಯನ್ನು ಪ್ರತಿ ತರಗತಿಯಲ್ಲೂ ಕೇಳಿಸಿಕೊಂಡೆ. ನಿಜ, ಗೆದ್ದ. ಆದರೆ ನನ್ನದು ರಿಚರ್ಡ್ಸ್ ತಲೆಯಲ್ಲವಲ್ಲ! ಏಳೆಂಟು ಸಾವಿರ ಹೋದ ಮೇಲೆ ನಿಲ್ಲಿಸಿದೆ. ಅಷ್ಟರೊಳಗೆ ಪುಸ್ತಕ, ಟೈಮರ್, ಟೂರ್ನಿಗಳ ಪ್ರವೇಶ ಶುಲ್ಕ, ಮುಂಬೈ ರೈಲು ಎಲ್ಲ ಸೇರಿ ಇಪ್ಪತ್ತು ಸಾವಿರ ದಾಟಿತ್ತು. ಮನೆಯಲ್ಲಿ ನಾನು ಹೇಳಿದ ಲೆಕ್ಕ ಬೇರೆ.

ನಡುವೆ ಇನ್ನೊಂದು ಹುಚ್ಚು ಹಿಡಿಯಿತು. ಪದಗಳನ್ನು ನನ್ನ ದನಿಯಲ್ಲೇ ಮೊಬೈಲಿಗೆ ರೆಕಾರ್ಡ್ ಮಾಡಿ ಮೆಟ್ರೊದಲ್ಲಿ ಕೇಳುವುದು. ಸಂಪೂರ್ಣ ದಂಡ. ಲಂಗರು ನೆಲ ಬಿಟ್ಟು ಮೇಲೆದ್ದಿದೆ ಎನ್ನಲು ನಾವಿಕರು ಬಳಸುವ ‘ಅವೇ’, ದೂರ ಎಂಬರ್ಥದ ‘ಅವೇ’, ಕಿವಿಗೆ ಎರಡೂ ಒಂದೇ. ಮೊದಲನೆಯದರಲ್ಲಿ ಇ, ಐ, ಜಿ, ಎಚ್ ಇವೆ ಎಂದು ಇಯರ್‌ಫೋನ್ ಹೇಳುವುದಿಲ್ಲ. ಆದರೆ ಆ ನೆಪದಲ್ಲಿ ಹಡಗಿನ ಪದಗಳ ಗುಂಪು ಕಟ್ಟಿದ್ದು ಉಪಯೋಗಕ್ಕೆ ಬಂತು. ಲಂಗರಿನ ಹಗ್ಗ ನೆಟ್ಟಗೆ ನಿಂತಾಗ ಅಪೀಕ್, ಲಂಗರು ಆಗಷ್ಟೇ ತಳದಿಂದ ಕಿತ್ತುಬಂದಾಗ ಅಟ್ರಿಪ್, ನೆಲ ಬಿಟ್ಟು ಮೇಲೆದ್ದಾಗ ಅವೇ. ಗಾಳಿ ಬರುವ ಕಡೆ ಅವೆದರ್, ಗಾಳಿಯ ಮರೆಯ ಕಡೆ ಅಲೀ. ಹಾಯಿ ಸುತ್ತಿಟ್ಟು ಹಡಗನ್ನು ಬಿರುಗಾಳಿಗೆ ಒಡ್ಡಿಕೊಂಡರೆ ಅಹಲ್. ಇವು ಕಥೆಯ ಥರ ಸಾಲಾಗಿ ಬರುತ್ತವೆ, ಮರೆಯುವುದಿಲ್ಲ.

ಈ ಗುಂಪನ್ನು ನೋಟ್‌ಬುಕ್ಕಿನಲ್ಲಿ ಬರೆದು ಪಕ್ಕದಲ್ಲಿ ಕನ್ನಡದ ಅರ್ಥ ಬರೆಯುತ್ತಾ ಹೋದಾಗಲೇ ವಿಷಯ ಹೊಳೆದದ್ದು. ಅಬೆಡ್, ಹಾಸಿಗೆಯಲ್ಲಿ. ಅಸೀ, ಕಡಲಲ್ಲಿ. ಅಹಾರ್ಸ್, ಕುದುರೆಯ ಮೇಲೆ. ಅಬಾಯ್ಲ್, ಕುದಿಯುತ್ತಾ. ಅಗ್ರಿನ್, ಹಲ್ಲು ಕಿರಿಯುತ್ತಾ. ಅಸ್ಲಾಂಟ್, ಓರೆಯಾಗಿ. ಒಂದಕ್ಕೂ ಎಸ್ ಇಲ್ಲ. ಇನ್ನೊಂದು ಪುಟದಲ್ಲಿ ಅಸ್ಲೇಕ್, ತಣಿಸು. ಅಗ್ರೈಸ್, ಹೆದರಿಸು. ಅಬೇರ್, ಸಹಿಸು. ಅರೀಡ್, ತಿಳಿಸು. ಅಬೈ, ಮಾಡಿದ್ದಕ್ಕೆ ಬೆಲೆ ತೆರು. ಎಲ್ಲಕ್ಕೂ ಎಸ್ ಇದೆ.

ಕಾರಣ ಸರಳ. ಮೊದಲ ಪುಟದ ಎ ಬಹುಪಾಲು ಹಳೇ ಇಂಗ್ಲಿಷಿನ ‘ಆನ್’ ಸವೆದು ಉಳಿದದ್ದು, ಅಂದರೆ ನಮ್ಮ ಸಪ್ತಮಿಯ ಕೆಲಸ ಮಾಡುತ್ತಿದ್ದದ್ದು. ‘ಹಾಸಿಗೆಯಲ್ಲಿ’ಗೆ ಬಹುವಚನ ಎಲ್ಲಿಂದ ಬರಬೇಕು? ಎರಡನೇ ಪುಟದ ಎ ಕ್ರಿಯಾಪದಕ್ಕೆ ಒತ್ತು ಕೊಡುತ್ತಿದ್ದ ಬೇರೆಯೇ ಪ್ರತ್ಯಯ, ಅರೈಸ್‌ನಲ್ಲಿ ಇವತ್ತಿಗೂ ಬದುಕಿರುವಂಥದ್ದು. ಕ್ರಿಯಾಪದವಾದ್ದರಿಂದ ಕಾಲಕ್ಕೆ ತಕ್ಕ ಬಾಲ ಹಚ್ಚಿಕೊಳ್ಳುತ್ತದೆ. ಇಷ್ಟು ಸಾಕು, ಭಾಷಾಶಾಸ್ತ್ರ ನಮಗೆ ಬೇಡ. ಅಪೇ, ಅಮೇಟ್ ಥರದವು ಫ್ರೆಂಚಿನಿಂದ ಬಂದವು. ಅವುಗಳ ಮೂಲ ಗೊತ್ತಿಲ್ಲದಿದ್ದರೂ ತೃಪ್ತಿಪಡಿಸು, ಎದೆಗುಂದಿಸು ಎಂದು ಬರೆದರೆ ಪರೀಕ್ಷೆ ಪಾಸಾಗುತ್ತವೆ. ಕನ್ನಡದ ಅರ್ಥ ‘ಅಲ್ಲಿ’, ‘ತ್ತಾ’, ‘ಆಗಿ’ ಎಂದು ಮುಗಿದರೆ ಬಾಲಕ್ಕೆ ಬೀಗ. ಯಾರಿಗಾದರೂ ಆಜ್ಞೆ ಮಾಡುವಂತಿದ್ದರೆ ಬೀಗ ತೆಗೆ.

ಇದರಲ್ಲಿ ಬೋನಸ್ಸೂ ಇದೆ. ಎರಡನೇ ಪುಟದವು ತಾಯಿಪದದ ಭೂತಕಾಲವನ್ನೇ ಎಳೆದು ತರುತ್ತವೆ. ಬೇರ್‌ಗೆ ಬೋರ್ ಆದ್ದರಿಂದ ಅಬೇರ್‌ಗೆ ಅಬೋರ್. ಅಬೈ ಎಂಬುದು ‘ಕೊಳ್ಳು’ ಎಂಬರ್ಥದ ಬೈ ಪದಕ್ಕೇ ಎ ಸೇರಿದ್ದು, ಬೈಗೆ ಬಾಟ್ ಆದ್ದರಿಂದ ಅದರ ಭೂತಕಾಲ ಅಬಾಟ್. ಏಳಕ್ಷರ, ಏಳನ್ನೂ ಕೈಯಿಂದಲೇ ಇಟ್ಟರೆ ಬಿಂಗೊ, 50 ಅಂಕ ಮೇಲೆ. ಬಾಟ್ ಮುಂದೆ ಎ ಇಟ್ಟರೆ ಎದುರಿನವರ ಮುಖ ನೋಡಬೇಕು.

ಪರೀಕ್ಷೆಗೆ ಬಗ್ಗದವೂ ಇವೆ, ಅವನ್ನು ಬಾಯಿಪಾಠವೇ ಮಾಡಬೇಕು. ಅಫಾರ್‌ಗೆ ಎಸ್ ಇದೆ, ಅಹೋಲ್ಡ್‌ಗೂ ಇದೆ, ಎರಡನ್ನೂ ನಾಮಪದವಾಗಿ ಎಣಿಸಿದ್ದಾರೆ. ಅಗೇಜ್‌ಗೆ ಎಸ್ ಇಲ್ಲ, ಡಿ ಇದೆ, ಶೇಕ್ಸ್‌ಪಿಯರ್ ಕೃಪೆ. ಅಗೇಟ್ ಎಂಬುದು ಕಲ್ಲಿನ ಹೆಸರೂ ಹೌದಾದ್ದರಿಂದ ಎಸ್ ತೆಗೆದುಕೊಳ್ಳುತ್ತದೆ. ಇಂಥವು ನನ್ನ ಲೆಕ್ಕದಲ್ಲಿ ಇಪ್ಪತ್ತು ಇಪ್ಪತ್ತೈದು ಇರಬಹುದು. ಇನ್ನೂರಕ್ಕೆ ಹತ್ತಿರದ ಪಟ್ಟಿಯಲ್ಲಿ ಅಷ್ಟು ತಲೆಯಲ್ಲಿ ಇಟ್ಟುಕೊಳ್ಳಲಾರೆವೇ?

ಇದೇ ಮಂತ್ರವನ್ನು ಬಿಕಮ್ ಥರದ ಪದಗಳ ‘ಬಿ’ ಪ್ರತ್ಯಯಕ್ಕೂ ಹಾಕಿ ನೋಡಿದೆ. ಉಪಯೋಗವಿಲ್ಲ. ಅಲ್ಲಿ ಹೆಚ್ಚಿನವು ಕ್ರಿಯಾಪದಗಳೇ, ಎಲ್ಲಕ್ಕೂ ಎಸ್ ಬರುತ್ತದೆ, ಪರೀಕ್ಷೆ ಯಾಕೆ? ‘ಅ-ಹಂಟಿಂಗ್’ ಥರದ ಜಾನಪದ ರೂಪಗಳಿಗೆ ಆಸೆಪಡಬೇಡಿ. ಅವುಗಳಿಗೆ ಅಡ್ಡಗೆರೆ ಇದೆ, ಬೋರ್ಡಿಗೆ ಬರುವುದಿಲ್ಲ.

ಫಲ ಸಿಕ್ಕಿದ್ದು ಹೋದ ವರ್ಷದ ಒಂದು ಟೂರ್ನಿಯಲ್ಲಿ. ಎದುರಿನವರು ಹದಿನೈದನೇ ಸಾಲಿನಲ್ಲಿ, ಎಡ ಅಂಚಿನ ಕೆಂಪು ಮನೆಯೊಂದನ್ನು ಬಿಟ್ಟು ಸ್ಲೇಕ್ ಇಟ್ಟಿದ್ದರು. ಮುಂದೆ ಏನೂ ಅಂಟದು ಎಂಬ ಧೈರ್ಯ. ನಾನು ಎ ಕೆಂಪು ಮನೆಗೆ ಬರುವಂತೆ ಮೇಲಿನಿಂದ ಪದ ಇಳಿಸಿದೆ. ಎರಡೂ ಪದಕ್ಕೆ ಮೂರುಪಟ್ಟು, ಅಸ್ಲೇಕ್‌ಗೇ 30, ಒಟ್ಟು ಐವತ್ತರ ಆಸುಪಾಸು. ಅಂಥ ಪದವೇ ಇಲ್ಲ ಎಂದು ಚಾಲೆಂಜ್ ಮಾಡಿದರು, ಪದ ಸರಿಯಿತ್ತು, 5 ಅಂಕ ನನಗೆ ಬಂತು. ಎರಡು ಸರದಿ ಬಿಟ್ಟು ಅದರ ಹಿಂದೆ ಎಸ್ ಇಟ್ಟೆ. ಮತ್ತೆ ಚಾಲೆಂಜ್, ಮತ್ತೆ 5. ಕೊನೆಯ ಸುತ್ತಿನಲ್ಲಿ ಇನ್ನೊಬ್ಬರು ಅಸ್ಲಾಂಟ್‌ಗೆ ಎಸ್ ಅಂಟಿಸಿದಾಗ ಚಾಲೆಂಜ್ ಮಾಡಲು ಗಡಿಯಾರ ನಿಲ್ಲಿಸಿದ್ದು ನಾನು. ಪದ ಎತ್ತಿಕೊಂಡು ಹೋದರು. ಬಹುಮಾನ ನಾಲ್ಕು ಸಾವಿರದಷ್ಟು, ಕೋಚಿಂಗ್‌ಗೆ ಸುರಿದದ್ದರಲ್ಲಿ ಅರ್ಧ ವಾಪಸ್ ಬಂದ ಹಾಗಾಯಿತು. ರೇಟಿಂಗ್ ನೂರೈವತ್ತಕ್ಕೂ ಹೆಚ್ಚು ಏರಿದೆ.

ಏಳಕ್ಷರದ ಪದಕ್ಕೆ ಎ ಸೇರಿ ಎಂಟಾಗುವ ಪಟ್ಟಿ ಬೇರೆ ಇದೆ, ಅದರಲ್ಲಿ ಯಾವುದನ್ನು ಮೊದಲು ಕಲಿಯಬೇಕು ಎಂಬ ಕ್ರಮವೂ ಇದೆ. ಮುಂದಿನ ಟೂರ್ನಿ ಮುಗಿಯುವವರೆಗೆ ಅದನ್ನು ಕೇಳಬೇಡಿ. ಅಷ್ಟರಲ್ಲಿ ಯಾರಿಗಾದರೂ ಅಹಲ್‌ಗೆ ಎಸ್ ಹಚ್ಚಿ ನೋಡುವ ಆಸೆಯಾದರೆ ದಯವಿಟ್ಟು ನನ್ನ ಎದುರು ಕೂತಾಗಲೇ ಹಚ್ಚಿ.